ಮಹಿಳೆಯರ ಕ್ರಿಕೆಟ್ ವೃತ್ತಿಯಾದ ಬಗೆ

ಸಂಜೆ ಐದು ಗಂಟೆಯ ಹೊತ್ತಿಗೆ ನಿಮ್ಮ ಬೀದಿಯ ಕೊನೆಯಲ್ಲಿರುವ ಖಾಲಿ ನಿವೇಶನದ ಕಡೆಗೆ ಒಮ್ಮೆ ಹೋಗಿ ನೋಡಿ. ಮೂರು ಕಡ್ಡಿಗಳನ್ನು ನೆಟ್ಟು, ಇಲ್ಲವೇ ಕಾಂಪೌಂಡು ಗೋಡೆಯ ಮೇಲೆ ಇದ್ದಿಲಿನಿಂದ ಮೂರು ಗೆರೆ ಎಳೆದು, ಮಕ್ಕಳು ಕ್ರಿಕೆಟ್ ಆಡುತ್ತಿರುತ್ತಾರೆ. ಅವರ ನಡುವೆ ಒಬ್ಬಿಬ್ಬರು ಹುಡುಗಿಯರೂ ಇರುವುದು ಈಚೆಗೆ ಅಪರೂಪವಲ್ಲ. ಅಂಥ ಹುಡುಗಿಯೊಬ್ಬಳು ನಿಮ್ಮ ಮನೆಯವಳೇ ಆಗಿದ್ದು, ರಾತ್ರಿ ಊಟಕ್ಕೆ ಕುಳಿತಾಗ, "ಅಪ್ಪಾ, ನಾನು ಕ್ರಿಕೆಟನ್ನೇ ಚೆನ್ನಾಗಿ ಕಲಿಯುತ್ತೇನೆ, ಮುಂದೆ ಅದರಲ್ಲೇ ಜೀವನ ಮಾಡುತ್ತೇನೆ" ಎಂದರೆ ನೀವೇನು ಹೇಳುವಿರಿ?

ಮೂವತ್ತು ವರ್ಷಗಳ ಹಿಂದೆಯಾಗಿದ್ದರೆ, "ಆಟವೇನೋ ಸರಿ ಮಗೂ, ಹೊಟ್ಟೆಪಾಡಿಗೆ ಏನು ಮಾಡುತ್ತೀಯೆ?" ಎಂದು ತಂದೆ ಕೇಳುತ್ತಿದ್ದುದರಲ್ಲಿ ತಪ್ಪೇನೂ ಇರಲಿಲ್ಲ. ಆಗ ಆ ಪ್ರಶ್ನೆಗೆ ಉತ್ತರವೇ ಇರಲಿಲ್ಲ. ಇಂದು ಉತ್ತರವಿದೆ. ಆ ಉತ್ತರ ಹೇಗೆ ಬಂತು, ಅದರಲ್ಲಿ ಗಟ್ಟಿಯಾದುದು ಎಷ್ಟು, ಇನ್ನೂ ಬರಿಯ ಆಸೆಯಾಗಿ ಉಳಿದಿರುವುದು ಎಷ್ಟು ಎಂಬುದನ್ನು ಮನೆಯ ಹಿರಿಯರು ತಿಳಿದಿದ್ದರೆ ಒಳ್ಳೆಯದು.

ಮೊದಲು 'ವೃತ್ತಿ' ಎಂಬ ಮಾತನ್ನು ಸ್ಪಷ್ಟಮಾಡಿಕೊಳ್ಳೋಣ. ನಮ್ಮ ನಾಟಕ ಪ್ರಪಂಚದಲ್ಲಿ ವೃತ್ತಿ ರಂಗಭೂಮಿ, ಹವ್ಯಾಸಿ ರಂಗಭೂಮಿ ಎಂದು ಎರಡು ಬಗೆಯುಂಟಷ್ಟೆ. ಹಗಲೆಲ್ಲ ಕಚೇರಿಯಲ್ಲಿ ದುಡಿದು, ರಾತ್ರಿ ತಾಲೀಮು ನಡೆಸಿ, ಕೈಯಿಂದ ಖರ್ಚು ಹಾಕಿಕೊಂಡು ನಾಟಕವಾಡುವವರು ಹವ್ಯಾಸಿಗಳು. ಗುಬ್ಬಿ ಕಂಪೆನಿಯಂಥ ಮಂಡಳಿಗಳಲ್ಲಿ ಇದ್ದವರಿಗಾದರೋ ನಾಟಕವೇ ಉದ್ಯೋಗ. ಬೆಳಗಾದರೆ ಸಂಗೀತಾಭ್ಯಾಸ, ರಾತ್ರಿಯಾದರೆ ರಂಗಸ್ಥಳ. ಹವ್ಯಾಸಿಯ ಅಭಿನಯ ಕೀಳೆಂದು ಯಾರೂ ಹೇಳಲಾರರು. ಆದರೆ ವೃತ್ತಿಗನಿಗೆ ಇರುವಷ್ಟು ವೇಳೆ ಅವನಿಗೆ ಇರುವುದಿಲ್ಲ. ಕ್ರಿಕೆಟಿಗೂ ಇದೇ ಮಾತು ಸಲ್ಲುತ್ತದೆ. ಆಟ ವೃತ್ತಿಯಾಗಬೇಕಾದರೆ ಮೂರು ಸೌಕರ್ಯಗಳು ಒಟ್ಟಿಗೆ ಬೇಕು: ತಿಂಗಳ ಖರ್ಚಿಗೆ ಸಾಲುವ ಸಂಬಳ, ವರ್ಷವಿಡೀ ಆಡಲು ಪಂದ್ಯಗಳು, ಕಲಿಯುವುದಕ್ಕೆ ಮೈದಾನ, ತರಬೇತುದಾರರು, ಪೆಟ್ಟಾದಾಗ ನೋಡಿಕೊಳ್ಳುವ ವೈದ್ಯರು. ಪುರುಷರಿಗೆ ಇವು ಬಹಳ ಹಿಂದೆಯೇ ಒದಗಿದವು. ಮಹಿಳೆಯರು ಇವಿಲ್ಲದೆಯೇ ಇನ್ನೂರೈವತ್ತಕ್ಕೂ ಹೆಚ್ಚು ವರ್ಷ ಆಡಿದರು.

ಇನ್ನೂರೈವತ್ತು ವರ್ಷವೆಂದರೆ ಕೆಲವರಿಗೆ ಆಶ್ಚರ್ಯವಾಗಬಹುದು. ಮಹಿಳೆಯರ ಪಂದ್ಯವೊಂದರ ಮೊದಲ ದಾಖಲೆ 1745ರ ಜುಲೈ 26ರದು. ಇಂಗ್ಲೆಂಡಿನ ಸರ್ರೆ ಪ್ರಾಂತದ ಗಿಲ್ಡ್‌ಫರ್ಡ್ ಬಳಿಯ ಗೋಮಾಳವೊಂದರಲ್ಲಿ ಬ್ರಾಮ್ಲಿ, ಹ್ಯಾಂಬಲ್ಡನ್ ಎಂಬ ಎರಡು ಹಳ್ಳಿಗಳ ತರುಣಿಯರು ಎದುರಾದರು. ಎಲ್ಲರೂ ಬಿಳಿಯ ಉಡುಪು ಧರಿಸಿದ್ದರು; ಒಂದು ತಂಡದವರ ತಲೆಗೆ ನೀಲಿ ಪಟ್ಟಿ, ಇನ್ನೊಂದರವರಿಗೆ ಕೆಂಪು ಪಟ್ಟಿ. ಹ್ಯಾಂಬಲ್ಡನ್ ತಂಡ 127 ರನ್ನು ಗಳಿಸಿತು, ಬ್ರಾಮ್ಲಿ ತಂಡ 119. ಆ ಕಾಲದ ವೃತ್ತಪತ್ರಿಕೆಯೊಂದು ಈ ಪಂದ್ಯವನ್ನು ವರದಿಮಾಡಿತು. ಮೈಸೂರಿನಲ್ಲಿ ಹೈದರಾಲಿ ಇನ್ನೂ ಅಧಿಕಾರಕ್ಕೆ ಬಂದಿರದಿದ್ದ ಕಾಲವದು ಎಂದರೆ, ಈ ಆಟದ ವಯಸ್ಸು ನಿಮಗೆ ಅಂದಾಜಾಗಬಹುದು.

ಈ ಆಟದಿಂದ ಹಣ ಸಂಪಾದಿಸುವ ಯತ್ನವೂ ಹೊಸದಲ್ಲ. 1890ರಲ್ಲಿ ಇಂಗ್ಲೆಂಡಿನ ಕೆಲವು ವ್ಯವಹಾರಸ್ಥರು ತರುಣಿಯರನ್ನು ಕೂಡಿಸಿ, ಕೆಂಪು ತಂಡ, ನೀಲಿ ತಂಡ ಎಂದು ಎರಡು ಮಾಡಿ, ಊರಿಂದೂರಿಗೆ ಪ್ರದರ್ಶನ ಪಂದ್ಯಗಳನ್ನು ನಡೆಸಿದರು. ಅದಕ್ಕೆ 'ಒರಿಜಿನಲ್ ಇಂಗ್ಲಿಷ್ ಲೇಡಿ ಕ್ರಿಕೆಟರ್ಸ್' ಎಂದು ಹೆಸರು. ಲಿವರ್‌ಪೂಲಿನ ಪಂದ್ಯಕ್ಕೆ ಸುಮಾರು ಹದಿನೈದು ಸಾವಿರ ಜನ ಸೇರಿದ್ದರಂತೆ. ಆದರೆ ಆಟಗಾರ್ತಿಯರು ತಮ್ಮ ನಿಜವಾದ ಹೆಸರಿನಲ್ಲಿ ಆಡುವಂತಿರಲಿಲ್ಲ; ಅವರ ಮೇಲ್ವಿಚಾರಣೆಗೆಂದು ಹಿರಿಯ ಹೆಂಗಸೊಬ್ಬರು ಜೊತೆಯಲ್ಲೇ ಇರುತ್ತಿದ್ದರು. ಎರಡು ಮೂರು ವರ್ಷಗಳಲ್ಲೇ ಈ ತಂಡ ಚೆದುರಿಹೋಯಿತು. ಲಾಭದ ಹಣ ವ್ಯವಸ್ಥಾಪಕರ ಜೇಬಿಗೆ ಹೋಯಿತೆಂದು ಹೇಳುತ್ತಾರೆ. ಅದೇನೇ ಇರಲಿ, ನೋಡಲು ಜನ ಬರುತ್ತಾರೆಂಬುದು ಆಗಲೇ ರುಜುವಾತಾಗಿತ್ತು. ಬಂದ ಹಣ ಆಡಿದವರ ಕೈ ಸೇರುವ ವ್ಯವಸ್ಥೆ ಮಾತ್ರ ಇರಲಿಲ್ಲ.

ಮುಂದೆ 1926ರಲ್ಲಿ ಇಂಗ್ಲೆಂಡಿನಲ್ಲಿ ಮಹಿಳೆಯರೇ ಸೇರಿ ತಮ್ಮ ಕ್ರಿಕೆಟ್ ಸಂಘವನ್ನು ಕಟ್ಟಿದರು. 1934ರ ಡಿಸೆಂಬರಿನಲ್ಲಿ ಅವರ ತಂಡ ಆಸ್ಟ್ರೇಲಿಯಾದ ಬ್ರಿಸ್ಬೇನ್ ನಗರದಲ್ಲಿ ಮಹಿಳೆಯರ ಮೊತ್ತಮೊದಲ ಟೆಸ್ಟ್ ಪಂದ್ಯವನ್ನಾಡಿತು. ಮಿರ್ಟಲ್ ಮ್ಯಾಕ್ಲಗನ್ ಎಂಬಾಕೆ ಕೇವಲ 10 ರನ್ನಿಗೆ 7 ವಿಕೆಟ್ ಕಿತ್ತು ಆಸ್ಟ್ರೇಲಿಯಾವನ್ನು 47ಕ್ಕೆ ಉರುಳಿಸಿದಳು. ಆ ಪ್ರವಾಸದ ಹಡಗಿನ ಖರ್ಚನ್ನು ಆಟಗಾರ್ತಿಯರೇ ಭರಿಸಬೇಕಾಗಿತ್ತು. ಎಂದರೆ, ದೇಶದ ತಂಡಕ್ಕೆ ಆಯ್ಕೆಯಾಗಲು ಆಟದ ಜೊತೆಗೆ ಅನುಕೂಲಸ್ಥರ ಮನೆಯಲ್ಲಿ ಹುಟ್ಟಿರುವುದೂ ಅಗತ್ಯವಾಗಿತ್ತು. ಹೊಲಿಗೆ ಕೆಲಸದಿಂದ ಜೀವಿಸುವ ಹುಡುಗಿ ಎಷ್ಟೇ ಚೆನ್ನಾಗಿ ಬೌಲು ಮಾಡಿದರೂ ಆ ಹಡಗನ್ನು ಹತ್ತುವ ಹಾಗಿರಲಿಲ್ಲ. ಹೀಗೆ ಎಷ್ಟು ಪ್ರತಿಭೆ ಹಿತ್ತಲಲ್ಲೇ ಬಾಡಿತೋ ಲೆಕ್ಕವಿಟ್ಟವರಿಲ್ಲ.

"ಮಹಿಳೆಯರ ಆಟದ ಮಟ್ಟ ಕಡಮೆ; ಅದಕ್ಕೇ ಹಣ ಬರಲಿಲ್ಲ" ಎನ್ನುವವರೂ ಉಂಟು. ಅವರು ಒಂದೆರಡು ಸಂಗತಿಗಳನ್ನು ನೆನೆಯಬೇಕು. ಒಂದೇ ಟೆಸ್ಟ್ ಪಂದ್ಯದಲ್ಲಿ ಶತಕವನ್ನೂ ಹೊಡೆದು ಹತ್ತು ವಿಕೆಟ್ಟನ್ನೂ ಪಡೆದವರು ಗಂಡಸರಲ್ಲಾಗಲಿ ಹೆಂಗಸರಲ್ಲಾಗಲಿ 1958ರವರೆಗೆ ಒಬ್ಬರೂ ಇರಲಿಲ್ಲ. ಆ ವರ್ಷ ಮೆಲ್ಬೋರ್ನ್ ನಗರದಲ್ಲಿ ಅದನ್ನು ಮೊದಲು ಸಾಧಿಸಿದವಳು ಆಸ್ಟ್ರೇಲಿಯಾದ ಬೆಟ್ಟಿ ವಿಲ್ಸನ್. ಒಂದು ದಿನದ ಅಂತರರಾಷ್ಟ್ರೀಯ ಪಂದ್ಯದಲ್ಲಿ ಮೊದಲ ದ್ವಿಶತಕ ಯಾರದೆಂದು ಕೇಳಿದರೆ ಬಹಳ ಜನ 2010ರ ಸಚಿನ್ ತೆಂಡೂಲ್ಕರ್ ಹೆಸರು ಹೇಳುತ್ತಾರೆ. ಅದಕ್ಕೂ ಹನ್ನೆರಡು ವರ್ಷ ಮೊದಲೇ, 1997ರ ಡಿಸೆಂಬರಿನಲ್ಲಿ, ನಮ್ಮ ಮುಂಬಯಿಯಲ್ಲೇ, ಆಸ್ಟ್ರೇಲಿಯಾದ ಬೆಲಿಂಡಾ ಕ್ಲಾರ್ಕ್ ಡೆನ್ಮಾರ್ಕಿನ ವಿರುದ್ಧ ಔಟಾಗದೆ 229 ಹೊಡೆದಿದ್ದಳು. ವಿಶ್ವಕಪ್ ಎಂಬ ಕಲ್ಪನೆಯೂ ಮೊದಲು ಕೈಗೂಡಿದ್ದು ಮಹಿಳೆಯರಲ್ಲೇ. ರೇಚೆಲ್ ಹೇಹೋ ಫ್ಲಿಂಟ್ ಎಂಬ ಆಟಗಾರ್ತಿ ಮುಂದೆ ನಿಂತು, ಜಾಕ್ ಹೇವರ್ಡ್ ಎಂಬ ಶ್ರೀಮಂತರಿಂದ 40,000 ಪೌಂಡ್ ನೆರವು ಪಡೆದು, 1973ರಲ್ಲಿ ಇಂಗ್ಲೆಂಡಿನಲ್ಲಿ ಅದನ್ನು ನಡೆಸಿದರು. ಪುರುಷರ ಮೊದಲ ವಿಶ್ವಕಪ್ ನಡೆದುದು 1975ರಲ್ಲಿ.

ಮಹಿಳೆಯರ ಪಂದ್ಯಗಳಲ್ಲಿ ಚೆಂಡು ಸ್ವಲ್ಪ ಹಗುರ, 140ರಿಂದ 151 ಗ್ರಾಂ. ಪುರುಷರದು 156ರಿಂದ 163 ಗ್ರಾಂ. ಬೌಂಡರಿ ಗೆರೆಯೂ ಕೆಲವು ಗಜ ಹತ್ತಿರ. ಚೆಂಡಿನ ವೇಗ ಕಡಮೆಯಾದ್ದರಿಂದ ತೋಳ್ಬಲಕ್ಕಿಂತ ಹೊತ್ತರಿತು ಹೊಡೆಯುವ ಜಾಣ್ಮೆಗೂ ಸ್ಪಿನ್ ಬೌಲಿಂಗಿನ ಚಮತ್ಕಾರಕ್ಕೂ ಇಲ್ಲಿ ಹೆಚ್ಚು ಬೆಲೆ. ಆಟ ತಿಳಿದವರಿಗೆ ಇದರಲ್ಲಿ ಬೇರೆಯೇ ಆದ ಸ್ವಾರಸ್ಯವುಂಟು.

ಇನ್ನು ನಮ್ಮ ದೇಶದ ಕಡೆಗೆ ಬರೋಣ. ಭಾರತ ಮಹಿಳಾ ಕ್ರಿಕೆಟ್ ಸಂಘ 1973ರಲ್ಲಿ ಹುಟ್ಟಿತು. ಅದೇ ವರ್ಷ ಪುಣೆಯಲ್ಲಿ ನಡೆದ ಮೊದಲ ರಾಷ್ಟ್ರೀಯ ಪಂದ್ಯಾವಳಿಗೆ ಬಂದವು ಮೂರೇ ತಂಡಗಳು: ಮುಂಬಯಿ, ಮಹಾರಾಷ್ಟ್ರ, ಉತ್ತರ ಪ್ರದೇಶ. ಮೂರು ವರ್ಷಗಳಲ್ಲಿ ಬೆಳವಣಿಗೆ ಎಷ್ಟಾಯಿತೆಂದರೆ, 1976ರ ಅಕ್ಟೋಬರ್ 31ರಂದು ಭಾರತದ ಮಹಿಳೆಯರು ತಮ್ಮ ಮೊದಲ ಟೆಸ್ಟ್ ಪಂದ್ಯಕ್ಕೆ ಇಳಿದರು. ಎದುರಾಳಿ ವೆಸ್ಟ್ ಇಂಡೀಸ್. ಸ್ಥಳ ನಮ್ಮ ಬೆಂಗಳೂರು. ನಾಯಕಿ ಬೆಂಗಳೂರಿನವರೇ ಆದ ಶಾಂತಾ ರಂಗಸ್ವಾಮಿ. ಕನ್ನಡಿಗರು ಹೆಮ್ಮೆಯಿಂದ ನೆನೆಯಬೇಕಾದ ದಿನವದು. ಮುಂದಿನ ತಿಂಗಳು ಪಾಟ್ನಾದಲ್ಲಿ ಇದೇ ನಾಯಕಿಯ ಕೈಕೆಳಗೆ ಭಾರತಕ್ಕೆ ಮೊದಲ ಟೆಸ್ಟ್ ಜಯ ದೊರೆಯಿತು. 1977ರಲ್ಲಿ ನ್ಯೂಜಿಲೆಂಡಿನ ಡನೀಡನ್ ನಗರದಲ್ಲಿ ಶಾಂತಾ 108 ರನ್ನು ಗಳಿಸಿದರು. ಭಾರತದ ಮಹಿಳೆಯೊಬ್ಬರು ಹೊಡೆದ ಮೊದಲ ಟೆಸ್ಟ್ ಶತಕವದು. ಅರ್ಜುನ ಪ್ರಶಸ್ತಿ ಪಡೆದ ಮೊದಲ ಮಹಿಳಾ ಕ್ರಿಕೆಟ್ ಪಟುವೂ ಅವರೇ.

ಇಷ್ಟು ಕೀರ್ತಿ ಪಡೆದವರ ದಿನಚರಿ ಹೇಗಿತ್ತು ಬಲ್ಲಿರಾ? ಆ ಕಾಲದ ಆಟಗಾರ್ತಿಯರು ಅದನ್ನು ಹಲವು ಸಲ ಹೇಳಿಕೊಂಡಿದ್ದಾರೆ. ಸೀಟು ಕಾದಿರಿಸದ ರೈಲು ಡಬ್ಬಿಗಳಲ್ಲಿ ಎರಡೆರಡು ದಿನ ಪ್ರಯಾಣ. ಇಳಿದ ಊರಿನಲ್ಲಿ ಎಲ್ಲರಿಗೂ ಸೇರಿ ಒಂದು ಹಜಾರ, ನೆಲದ ಮೇಲೆ ಹಾಸಿಗೆ. ಬ್ಯಾಟುಗಳು ಸಾಲದೆ ಇಡೀ ತಂಡಕ್ಕೆ ಎರಡೋ ಮೂರೋ. ಪಂದ್ಯ ಮುಗಿದ ಮೇಲೆ ಕೈಗೆ ಬರುತ್ತಿದ್ದುದು ಚಪ್ಪಾಳೆ, ಪತ್ರಿಕೆಯ ಮೂಲೆಯಲ್ಲಿ ನಾಲ್ಕು ಸಾಲು. ಹೀಗಿದ್ದೂ ಅವರು ಆಡಿದರು. ಇಂದು ಕೋಟಿಗಳ ಮಾತು ಕೇಳಿಬರುವಾಗ ಈ ನೆಲಹಾಸಿಗೆಯನ್ನು ನಾವು ಮರೆಯಬಾರದು.

ಈ ಕಷ್ಟದ ನಡುವೆ ಆಟವನ್ನು ಹಿಡಿದು ನಿಲ್ಲಿಸಿದ ಒಂದು ಊರುಗೋಲೆಂದರೆ ನೌಕರಿ. ಶಾಂತಾ ರಂಗಸ್ವಾಮಿಯವರು ಕೆನರಾ ಬ್ಯಾಂಕಿನಲ್ಲಿ ಉದ್ಯೋಗದಲ್ಲಿದ್ದು ಜನರಲ್ ಮ್ಯಾನೇಜರ್ ಹುದ್ದೆಯವರೆಗೆ ಏರಿದರು. ಎಂಬತ್ತರ ದಶಕದಲ್ಲಿ ಡಯಾನಾ ಎಡುಲ್ಜಿ ಮೊದಲಾದವರ ಪ್ರಯತ್ನದಿಂದ ರೈಲ್ವೆ ಇಲಾಖೆ ಮಹಿಳಾ ತಂಡವನ್ನು ಕಟ್ಟಿ, ಆಡುವವರಿಗೆ ಕೆಲಸ ಕೊಡತೊಡಗಿತು. ಹೆಸರಿಗೆ ಗುಮಾಸ್ತೆಯೋ ಟಿಕೆಟ್ ಪರೀಕ್ಷಕಳೋ ಆಗಿದ್ದರೂ ಪಂದ್ಯಗಳಿದ್ದಾಗ ರಜೆ, ಅಭ್ಯಾಸಕ್ಕೆ ಬಿಡುವು, ತಿಂಗಳ ಮೊದಲ ದಿನ ಸಂಬಳ, ಪ್ರಯಾಣಕ್ಕೆ ಪಾಸು. ಇದನ್ನು ಅರೆವೃತ್ತಿ ಎನ್ನಬಹುದು. ಆಟಕ್ಕೆಂದು ಸಂಬಳ ಕೊಡುವವರು ಯಾರೂ ಇರದಿದ್ದ ದಿನಗಳಲ್ಲಿ, ದೇಶದ ಒಳ್ಳೆಯ ಆಟಗಾರ್ತಿಯರಲ್ಲಿ ಅನೇಕರನ್ನು ಸಾಕಿದ್ದು ಈ ನೌಕರಿಯೇ. ಬಹುಕಾಲ ದೇಶೀಯ ಪಂದ್ಯಾವಳಿಗಳಲ್ಲಿ ರೈಲ್ವೆ ತಂಡವೇ ಮತ್ತೆ ಮತ್ತೆ ಗೆಲ್ಲುತ್ತಿದ್ದುದಕ್ಕೆ ಕಾರಣವೂ ಇಲ್ಲಿದೆ.

ದೊಡ್ಡ ತಿರುವು ಬಂದದ್ದು ಆಡಳಿತದಲ್ಲಿ. 2005ರಲ್ಲಿ ಅಂತರರಾಷ್ಟ್ರೀಯ ಮಹಿಳಾ ಕ್ರಿಕೆಟ್ ಮಂಡಳಿ ಐ.ಸಿ.ಸಿ. ಎಂಬ ಮುಖ್ಯ ಸಂಸ್ಥೆಯಲ್ಲಿ ವಿಲೀನವಾಯಿತು. ಮರುವರ್ಷ ನಮ್ಮ ಮಹಿಳಾ ಸಂಘದ ಹೊಣೆಯನ್ನು ಬಿ.ಸಿ.ಸಿ.ಐ., ಅಂದರೆ ಭಾರತ ಕ್ರಿಕೆಟ್ ನಿಯಂತ್ರಣ ಮಂಡಳಿ ವಹಿಸಿಕೊಂಡಿತು. ಬಡ ಸಂಸಾರವೊಂದು ಸಿರಿವಂತ ಬಂಧುವಿನ ಮನೆಗೆ ಸೇರಿದಂತಾಯಿತು. ಒಳ್ಳೆಯ ಮೈದಾನಗಳು ದೊರೆತವು. ಪ್ರಯಾಣ, ವಸತಿ ಸುಧಾರಿಸಿದವು. ಆದರೆ ಸಿರಿವಂತ ಬಂಧುವಿನ ಮನೆಯಲ್ಲಿ ಎಲ್ಲರಿಗೂ ಒಂದೇ ಪಂಕ್ತಿಯಲ್ಲಿ ಎಲೆ ಹಾಕುತ್ತಾರೆಂದು ಹೇಳಲಾಗದಷ್ಟೆ. ಮಹಿಳೆಯರಿಗೆ ವಾರ್ಷಿಕ ಒಪ್ಪಂದದ ಸಂಬಳ ಗೊತ್ತಾದುದು 2015ರಲ್ಲಿ, ವಿಲೀನವಾಗಿ ಒಂಬತ್ತು ವರ್ಷಗಳ ಮೇಲೆ. ಆಗ ಹನ್ನೊಂದು ಮಂದಿಗೆ ಮಾತ್ರ ಒಪ್ಪಂದ. ಮೇಲ್ದರ್ಜೆಯವರಿಗೆ ವರ್ಷಕ್ಕೆ 15 ಲಕ್ಷ, ಎರಡನೆಯ ದರ್ಜೆಯವರಿಗೆ 10 ಲಕ್ಷ ರೂಪಾಯಿ.

ಒಪ್ಪಂದ ಎಂಬುದರ ಮಹತ್ವವನ್ನು ಇಲ್ಲಿ ಸ್ವಲ್ಪ ವಿವರಿಸಬೇಕು. ಆಡಿದ ದಿನಕ್ಕೆ ಮಾತ್ರ ಹಣ ಕೊಟ್ಟರೆ ಅದು ದಿನಗೂಲಿಯ ಹಾಗೆ. ಕೈಬೆರಳು ಮುರಿದು ಮೂರು ತಿಂಗಳು ಮನೆಯಲ್ಲಿ ಕುಳಿತರೆ ವರಮಾನವೂ ಕುಳಿತುಕೊಳ್ಳುತ್ತದೆ. ವಾರ್ಷಿಕ ಒಪ್ಪಂದವಿದ್ದರೆ, ಆಡದ ತಿಂಗಳುಗಳಲ್ಲಿಯೂ ಅಭ್ಯಾಸ ನಡೆಸಲು, ಪೆಟ್ಟು ವಾಸಿಮಾಡಿಕೊಳ್ಳಲು ಅವಕಾಶವಿರುತ್ತದೆ. ಇಂಗ್ಲೆಂಡು 2014ರಲ್ಲಿ 18 ಮಂದಿ ಆಟಗಾರ್ತಿಯರಿಗೆ ಪೂರ್ಣಾವಧಿಯ ಒಪ್ಪಂದ ಕೊಟ್ಟಿತು. ಆಸ್ಟ್ರೇಲಿಯಾದಲ್ಲಿ 2017ರಲ್ಲಿ ಆಟಗಾರರ ಸಂಘಕ್ಕೂ ಕ್ರಿಕೆಟ್ ಮಂಡಳಿಗೂ ದೊಡ್ಡ ಜಗ್ಗಾಟ ನಡೆದು, ಕೊನೆಗೆ ಐದು ವರ್ಷಗಳಿಗೆ ಮಹಿಳೆಯರಿಗೆ ಸಲ್ಲುವ ಹಣ 75 ಲಕ್ಷ ಡಾಲರುಗಳಿಂದ 5 ಕೋಟಿ 52 ಲಕ್ಷ ಡಾಲರುಗಳಿಗೆ ಏರಿತು. ಅಲ್ಲಿ ಪ್ರಾಂತಗಳ ತಂಡದಲ್ಲಿ ಆಡುವ ಹುಡುಗಿಯರಿಗೂ ಸಂಬಳ ದೊರೆಯುವಂತಾದುದು ಈ ಹೋರಾಟದ ಫಲ. ಆ ದೇಶ ಇಷ್ಟು ಪಂದ್ಯಗಳನ್ನು ಗೆಲ್ಲುತ್ತಿರುವುದರ ಗುಟ್ಟನ್ನು ಹುಡುಕುವವರು ಈ ಅಂಕಿಗಳಿಂದಲೇ ತೊಡಗಬೇಕು.

ಈ ಹಣವೆಲ್ಲ ಎಲ್ಲಿಂದ ಬರುತ್ತದೆ? ಇಲ್ಲಿ ಪ್ರಸಾರದ ಮಾತು ಬರುತ್ತದೆ. ಹಿಂದೆ ರೇಡಿಯೋ ಇಟ್ಟುಕೊಂಡ ಮನೆಯವರು ವರ್ಷಕ್ಕೊಮ್ಮೆ ಅಂಚೆ ಕಚೇರಿಗೆ ಹೋಗಿ ಲೈಸೆನ್ಸ್ ಹಣ ಕಟ್ಟಿ ಬರುತ್ತಿದ್ದುದು ಹಿರಿಯರಿಗೆ ನೆನಪಿರಬಹುದು. ಕೇಳುಗರು ನೇರವಾಗಿ ಹಣ ಕೊಡುತ್ತಿದ್ದ ಕಾಲವದು. ಈಗಿನ ಆಟದ ಪ್ರಸಾರದಲ್ಲಿ ಹಣ ಬೇರೆ ದಾರಿಯಿಂದ ಬರುತ್ತದೆ. ಪಂದ್ಯವನ್ನು ಎಷ್ಟು ಮನೆಗಳಲ್ಲಿ ನೋಡುತ್ತಾರೋ ಅದಕ್ಕೆ ತಕ್ಕಂತೆ ಸೋಪು, ಬಿಸ್ಕತ್ತು, ಮೋಟಾರು ಮಾರುವವರು ಜಾಹೀರಾತಿಗೆ ಹಣ ಕೊಡುತ್ತಾರೆ. ಆ ಭರವಸೆಯ ಮೇಲೆ ಪ್ರಸಾರ ಸಂಸ್ಥೆ ಕ್ರಿಕೆಟ್ ಮಂಡಳಿಯಿಂದ ಹಕ್ಕನ್ನು ಕೊಳ್ಳುತ್ತದೆ. ಮಂಡಳಿ ಅದರಿಂದ ಸಂಬಳ ಕೊಡುತ್ತದೆ. ಎಂದ ಮೇಲೆ, ಮಹಿಳೆಯರ ಪಂದ್ಯ ನಡೆಯುವ ದಿನ ನಿಮ್ಮ ಮನೆಯಲ್ಲಿ ಪೆಟ್ಟಿಗೆ ತಿರುಗಿಸುವ ಕೈಗೂ ಆ ಸಂಬಳದಲ್ಲಿ ಪಾಲಿದೆ. ಬಹುಕಾಲ ಅವರ ಪಂದ್ಯಗಳನ್ನು ಪ್ರಸಾರವೇ ಮಾಡಲಿಲ್ಲ. ಪ್ರಸಾರವಿಲ್ಲದ್ದರಿಂದ ಜನ ನೋಡಲಿಲ್ಲ. ಜನ ನೋಡುವುದಿಲ್ಲವೆಂದು ಹಣ ಹಾಕಲಿಲ್ಲ. ಬೀಜ ಮೊದಲೋ ಮರ ಮೊದಲೋ ಎಂಬ ಗಾದೆಯಂತೆ ಇದು ಸುತ್ತುತ್ತಲೇ ಇತ್ತು.

ಈ ಸುತ್ತು ನಮ್ಮಲ್ಲಿ ಮುರಿದದ್ದು 2017ರ ಬೇಸಗೆಯಲ್ಲಿ, ಇಂಗ್ಲೆಂಡಿನಲ್ಲಿ ನಡೆದ ವಿಶ್ವಕಪ್ಪಿನಿಂದ. ಸೆಮಿಫೈನಲಿಗೆ ಹೋಗಲು ನ್ಯೂಜಿಲೆಂಡನ್ನು ಸೋಲಿಸಲೇಬೇಕಾಗಿದ್ದ ಪಂದ್ಯದಲ್ಲಿ ನಾಯಕಿ ಮಿಥಾಲಿ ರಾಜ್ ಶತಕ ಹೊಡೆದರು. ಚಿಕ್ಕಮಗಳೂರು ಸೀಮೆಯ ಕಡೂರಿನ ವೇದಾ ಕೃಷ್ಣಮೂರ್ತಿ 45 ಚೆಂಡುಗಳಲ್ಲಿ 70 ಬಾರಿಸಿದರು. ವಿಜಯಪುರದ ರಾಜೇಶ್ವರಿ ಗಾಯಕವಾಡ 15 ರನ್ನಿಗೆ 5 ವಿಕೆಟ್ ಪಡೆದು ಎದುರಾಳಿಯನ್ನು 79ಕ್ಕೆ ಮುಗಿಸಿದರು. ಸೆಮಿಫೈನಲಿನಲ್ಲಿ ಹರ್ಮನ್‌ಪ್ರೀತ್ ಕೌರ್ ಆಸ್ಟ್ರೇಲಿಯಾದ ವಿರುದ್ಧ ಔಟಾಗದೆ 171 ಹೊಡೆದ ದಿನ, ಅದುವರೆಗೆ ಮಹಿಳೆಯರ ಆಟ ನೋಡದಿದ್ದವರೂ ಕದಲದೆ ಕುಳಿತರು. ಲಾರ್ಡ್ಸ್ ಮೈದಾನ ಕಿಕ್ಕಿರಿದ ಫೈನಲಿನಲ್ಲಿ ಭಾರತ ಇಂಗ್ಲೆಂಡಿಗೆ 9 ರನ್ನುಗಳಿಂದ ಸೋತಿತು. ಸೋತರೂ, ತಂಡ ಹಿಂತಿರುಗಿದಾಗ ವಿಮಾನ ನಿಲ್ದಾಣದಲ್ಲಿ ಜನ ಹಾರ ಹಿಡಿದು ನಿಂತಿದ್ದರು. 2020ರ ಮಾರ್ಚ್ 8ರಂದು ಮೆಲ್ಬೋರ್ನ್‌ನಲ್ಲಿ ಭಾರತ ಆಸ್ಟ್ರೇಲಿಯಾಗಳ ಇಪ್ಪತ್ತು ಓವರುಗಳ ವಿಶ್ವಕಪ್ ಫೈನಲ್ ನೋಡಲು 86,174 ಮಂದಿ ಸೇರಿದರು. "ಯಾರು ನೋಡುತ್ತಾರೆ?" ಎಂಬ ಪ್ರಶ್ನೆ ಅಂದಿಗೆ ಮುಗಿಯಿತು.

ಅಲ್ಲಿಂದ ಮುಂದಿನ ಹೆಜ್ಜೆ ಲೀಗ್ ಪಂದ್ಯಾವಳಿ. ಆಸ್ಟ್ರೇಲಿಯಾದಲ್ಲಿ ಇದು 2015ರಲ್ಲೇ ಮೊದಲಾಗಿತ್ತು. ನಮ್ಮಲ್ಲಿ ಮಹಿಳಾ ಪ್ರೀಮಿಯರ್ ಲೀಗ್ 2023ರ ಮಾರ್ಚ್‌ನಲ್ಲಿ ಆರಂಭವಾಯಿತು. ಐದು ವರ್ಷದ ಪ್ರಸಾರ ಹಕ್ಕು 951 ಕೋಟಿ ರೂಪಾಯಿಗೆ ಹೋಯಿತು. ಐದು ತಂಡಗಳ ಒಡೆತನ ಸುಮಾರು 4,670 ಕೋಟಿಗೆ. ಮೊದಲ ಹರಾಜಿನಲ್ಲಿ ಸ್ಮೃತಿ ಮಂಧಾನಾ ಅವರನ್ನು ಬೆಂಗಳೂರು ತಂಡ 3 ಕೋಟಿ 40 ಲಕ್ಷಕ್ಕೆ ಕೊಂಡಿತು. 2024ರಲ್ಲಿ ಅವರ ನಾಯಕತ್ವದಲ್ಲಿ ಬೆಂಗಳೂರು ತಂಡ ಕಪ್ ಗೆದ್ದಿತು. ಪುರುಷರ ತಂಡ ಹದಿನಾರು ವರ್ಷ ಕಾದರೂ ಅಂದಿಗೆ ಕೈಗೆಟುಕದಿದ್ದ ಸಂತೋಷವನ್ನು ಹೆಣ್ಣುಮಕ್ಕಳು ಎರಡನೆಯ ವರ್ಷವೇ ತಂದುಕೊಟ್ಟರು. ಆ ಫೈನಲಿನಲ್ಲಿ 12 ರನ್ನಿಗೆ 4 ವಿಕೆಟ್ ಪಡೆದವಳು ಕರ್ನಾಟಕದ ಶ್ರೇಯಾಂಕಾ ಪಾಟೀಲ್. ಅದಕ್ಕೆ ಕೆಲವು ತಿಂಗಳ ಹಿಂದೆ, ದೇಶದ ತಂಡದಲ್ಲಿ ಇನ್ನೂ ಆಡಿರದಿದ್ದ ಕರ್ನಾಟಕದ ವೃಂದಾ ದಿನೇಶ್ ಅವರಿಗೆ ಹರಾಜಿನಲ್ಲಿ 1 ಕೋಟಿ 30 ಲಕ್ಷ ದೊರೆತಿತ್ತು.

ಸಮಾನ ವೇತನದ ಮಾತನ್ನೂ ನೀವು ಕೇಳಿರಬಹುದು. 2022ರ ಅಕ್ಟೋಬರಿನಲ್ಲಿ ನಮ್ಮ ಮಂಡಳಿ, ದೇಶದ ಪರವಾಗಿ ಆಡುವ ಮಹಿಳೆಯರಿಗೂ ಪುರುಷರಷ್ಟೇ ಪಂದ್ಯ ಶುಲ್ಕ ಕೊಡುವುದಾಗಿ ಪ್ರಕಟಿಸಿತು: ಟೆಸ್ಟಿಗೆ 15 ಲಕ್ಷ, ಒಂದು ದಿನದ ಪಂದ್ಯಕ್ಕೆ 6 ಲಕ್ಷ, ಇಪ್ಪತ್ತು ಓವರಿನದಕ್ಕೆ 3 ಲಕ್ಷ. ಇದು ಶ್ಲಾಘ್ಯವಾದ ಕಾರ್ಯ. ಆದರೆ ಪಂದ್ಯ ಶುಲ್ಕ ಸಮವಾದ ಮಾತ್ರಕ್ಕೆ ವರಮಾನ ಸಮವಾಗುವುದಿಲ್ಲ. ಮಹಿಳೆಯರಿಗೆ ಟೆಸ್ಟ್ ಪಂದ್ಯಗಳು ದೊರೆಯುವುದೇ ಅಪರೂಪ. ವಾರ್ಷಿಕ ಒಪ್ಪಂದದ ಹಣದಲ್ಲಿಯೂ ಅಂತರ ಉಳಿದಿದೆ. 2024-25ನೆಯ ಸಾಲಿನಲ್ಲಿ ಪುರುಷರ ಅತ್ಯುನ್ನತ ದರ್ಜೆಗೆ 7 ಕೋಟಿ, ಮಹಿಳೆಯರ ಅತ್ಯುನ್ನತ ದರ್ಜೆಗೆ 50 ಲಕ್ಷ. ತಕ್ಕಡಿಯ ಒಂದು ತಟ್ಟೆ ಮಾತ್ರ ಸಮಕ್ಕೆ ಬಂದಿದೆಯೆಂದು ಭ್ರಮಿಸದೆ, ಇಡೀ ತೂಕವನ್ನು ನೋಡಬೇಕು.

ವೃತ್ತಿ ಎಂದ ಮೇಲೆ ಮನೆ, ಮದುವೆ, ಮಕ್ಕಳ ಪ್ರಶ್ನೆಯೂ ಬರುತ್ತದೆ. ಹಿಂದೆ ತಾಯಿಯಾಗುವುದೆಂದರೆ ಆಟಕ್ಕೆ ಶರಣು ಹೊಡೆದಂತೆಯೇ. 2019ರಲ್ಲಿ ಆಸ್ಟ್ರೇಲಿಯಾದ ಮಂಡಳಿ ಹೆರಿಗೆಗಾಗಿ ಹನ್ನೆರಡು ತಿಂಗಳವರೆಗೆ ಸಂಬಳ ಸಹಿತ ರಜೆಯನ್ನೂ, ಮರಳಿ ಬರುವವಳಿಗೆ ಒಪ್ಪಂದದ ಭರವಸೆಯನ್ನೂ ಕೊಟ್ಟಿತು. ಪಾಕಿಸ್ತಾನವೂ ಅಂಥ ನಿಯಮವನ್ನು ತಂದದ್ದರಿಂದ, ಅಲ್ಲಿಯ ನಾಯಕಿ ಬಿಸ್ಮಾ ಮರೂಫ್ 2022ರ ವಿಶ್ವಕಪ್ಪಿಗೆ ಎಳೆಗೂಸನ್ನೂ ಅದರ ಅಜ್ಜಿಯನ್ನೂ ಜೊತೆಗೆ ಕರೆದುಕೊಂಡು ನ್ಯೂಜಿಲೆಂಡಿಗೆ ಹೋದಳು. ಭಾರತದೊಡನೆ ಪಂದ್ಯ ಮುಗಿದ ಮೇಲೆ ನಮ್ಮ ಹುಡುಗಿಯರೆಲ್ಲ ಆ ಮಗುವಿನ ಸುತ್ತ ನೆರೆದು ಮುದ್ದಾಡಿದ ಚಿತ್ರವನ್ನು ಕಂಡು ಎರಡು ದೇಶದ ಜನರೂ ಹಿಗ್ಗಿದರು.

ಹೀಗೆ ಬೆಳೆದ ಬಳ್ಳಿ ಹೂ ಬಿಟ್ಟದ್ದು 2025ರ ನವೆಂಬರ್ 2ರಂದು. ನವಿ ಮುಂಬಯಿಯಲ್ಲಿ ನಡೆದ ಫೈನಲಿನಲ್ಲಿ ಭಾರತ ದಕ್ಷಿಣ ಆಫ್ರಿಕಾವನ್ನು 52 ರನ್ನುಗಳಿಂದ ಸೋಲಿಸಿ ಮೊದಲ ಬಾರಿ ವಿಶ್ವಕಪ್ ಪಡೆಯಿತು. ಶೆಫಾಲಿ ವರ್ಮಾ 87 ಹೊಡೆದರು. ದೀಪ್ತಿ ಶರ್ಮಾ 58 ರನ್ನು ಗಳಿಸಿ 5 ವಿಕೆಟ್ಟನ್ನೂ ಕಿತ್ತರು. ಗೆದ್ದ ತಂಡಕ್ಕೆ ಐ.ಸಿ.ಸಿ. ಕೊಟ್ಟ 44 ಲಕ್ಷ 80 ಸಾವಿರ ಡಾಲರು, 2023ರಲ್ಲಿ ಪುರುಷರ ವಿಶ್ವಕಪ್ ವಿಜೇತರಿಗೆ ದೊರೆತ 40 ಲಕ್ಷಕ್ಕಿಂತ ಹೆಚ್ಚು. 1976ರಲ್ಲಿ ನೆಲದ ಮೇಲೆ ಮಲಗಿದವರು ಈ ರಾತ್ರಿಯನ್ನು ಹೇಗೆ ಕಳೆದಿರಬಹುದೆಂದು ನೀವೇ ಊಹಿಸಿಕೊಳ್ಳಿ.

ಈಗ ಮೊದಲಿನ ಪ್ರಶ್ನೆಗೆ ಮರಳೋಣ. ಊಟದ ಮಣೆಯ ಮೇಲೆ ಕುಳಿತಿರುವ ಆ ಹುಡುಗಿಗೆ ಏನು ಹೇಳಬೇಕು? ಒಂದು ಲೆಕ್ಕವನ್ನು ಮುಂದಿಡುತ್ತೇನೆ. ಪ್ರೀಮಿಯರ್ ಲೀಗಿನ ಮೊದಲ ಹರಾಜಿನಲ್ಲಿ ಮಾರಾಟವಾದ ಆಟಗಾರ್ತಿಯರು 87 ಮಂದಿ. ಅವರಲ್ಲಿ 30 ಮಂದಿ ಹೊರದೇಶದವರು. ಉಳಿದ 57 ಸ್ಥಾನಗಳಿಗೆ ಇಡೀ ಭಾರತದ ಹೆಣ್ಣುಮಕ್ಕಳು ಸ್ಪರ್ಧಿಸಬೇಕು. ಅವರಲ್ಲಿಯೂ ಹಲವರಿಗೆ ಸಿಕ್ಕಿದ್ದು ಕನಿಷ್ಠ ಬೆಲೆಯಾದ 10 ಲಕ್ಷ. ಕೋಟಿಯ ಸುದ್ದಿ ಪತ್ರಿಕೆಯ ಮೊದಲ ಪುಟಕ್ಕೆ ಬರುತ್ತದೆ. ಆಯ್ಕೆಯಾಗದೆ ಹಿಂತಿರುಗಿದವರ ಸುದ್ದಿ ಬರುವುದಿಲ್ಲ. ಆದ್ದರಿಂದ ಮಗಳು ಶಾಲೆಯ ಓದನ್ನು ಬಿಡದಿರುವುದು ಮೇಲು. ರೈಲ್ವೆಯಂಥ ಇಲಾಖೆಗಳ ನೌಕರಿಯನ್ನು ಹಳೆಯ ಕಾಲದ ಮಾತೆಂದು ತಳ್ಳಿಹಾಕಬಾರದು. ವೇದಾ, ರಾಜೇಶ್ವರಿ ಇಬ್ಬರೂ ರೈಲ್ವೆಯ ಆಶ್ರಯದಲ್ಲಿ ಆಡಿದವರೆಂಬುದನ್ನು ನೆನಪಿಡಿ.

ಆದರೆ ಇದೇ ಲೆಕ್ಕ ತೋರಿಸಿ ಅವಳನ್ನು ತಡೆಯುವುದೂ ಸರಿಯಲ್ಲ. ಲೀಗಿಗೆ ಸೇರದಿದ್ದರೂ ರಾಜ್ಯದ ತಂಡದಲ್ಲಿ ಸ್ಥಿರವಾಗಿ ನಿಲ್ಲುವ ಹುಡುಗಿಗೆ ಬದುಕು ಸಾಗುವಂತಿರಬೇಕು. ಆಟ ವೃತ್ತಿಯಾಯಿತೆನ್ನಲು ನಿಜವಾದ ಪರೀಕ್ಷೆ ಅದು. ಆ ದಿಕ್ಕಿನಲ್ಲೂ ಹೆಜ್ಜೆ ಬಿದ್ದಿದೆ. 2025ರ ಡಿಸೆಂಬರಿನಲ್ಲಿ ಮಂಡಳಿ ದೇಶೀಯ ಪಂದ್ಯಗಳಲ್ಲಿ ಆಡುವ ಹಿರಿಯ ಮಹಿಳೆಯರ ದಿನದ ಶುಲ್ಕವನ್ನು 20 ಸಾವಿರದಿಂದ 50 ಸಾವಿರಕ್ಕೆ ಏರಿಸಿತು. ವರ್ಷಕ್ಕೆ ಆಡುವ ದಿನಗಳು ಹೆಚ್ಚಿದಷ್ಟೂ ಈ ಹಣಕ್ಕೆ ಅರ್ಥ ಬರುತ್ತದೆ. ರಾಜ್ಯ ಮಟ್ಟದಲ್ಲಿಯೂ ವಾರ್ಷಿಕ ಒಪ್ಪಂದಗಳು ಬಂದರೆ, ಜಿಲ್ಲಾ ಸ್ಥಳಗಳಲ್ಲಿ ಹುಡುಗಿಯರಿಗೆ ಮೈದಾನವೂ ಬಟ್ಟೆ ಬದಲಾಯಿಸಲು ಒಂದು ಕೊಠಡಿಯೂ ದೊರೆತರೆ, ಕಡೂರು ವಿಜಯಪುರಗಳಿಂದ ಬರುವವರ ದಾರಿ ಸುಗಮವಾಗುತ್ತದೆ.

ನಮ್ಮ ನಿಮ್ಮಂಥವರು ಮಾಡಬಹುದಾದುದೂ ಸ್ವಲ್ಪವಿದೆ. ಸಂಜೆ ಮಗಳು ಆಡಿ ಬಂದಾಗ, ಮೈ ಕಪ್ಪಾಯಿತೆಂದು ಗೊಣಗದೆ, ಇಂದು ಎಷ್ಟು ರನ್ನು ಹೊಡೆದೆಯೆಂದು ಕೇಳಿ. ಮಹಿಳೆಯರ ಪಂದ್ಯವಿದ್ದ ದಿನ ಮನೆಮಂದಿಯೆಲ್ಲ ಕೂಡಿ ನೋಡಿ, ಕೇಳಿ. ಊರಿನಲ್ಲಿ ಪಂದ್ಯ ನಡೆದರೆ ಹೋಗಿ ಕುಳಿತುಬನ್ನಿ. 1745ರ ಗೋಮಾಳದ ಸುತ್ತ ನಿಂತು ನೋಡಿದವರಿಂದ ಇಂದಿನವರೆಗೆ ಈ ಆಟಕ್ಕೆ ನೋಡುವವರು ಇದ್ದೇ ಇದ್ದಾರೆ. ಆಡುವವರಿಗೆ ಅದರಿಂದ ಅನ್ನ ಹುಟ್ಟತೊಡಗಿ ಮಾತ್ರ ಹತ್ತು ಹದಿನೈದು ವರ್ಷವಾಯಿತಷ್ಟೆ. ಊಟ ಮುಗಿದ ಮೇಲೆ ಮಗಳನ್ನು ಕೂರಿಸಿಕೊಂಡು ಈ ಕಥೆಯನ್ನೂ ಈ ಲೆಕ್ಕವನ್ನೂ ಹೇಳಿ. ಆಮೇಲೆ ಅವಳ ತೀರ್ಮಾನವನ್ನು ಕೇಳಿ.